ಹೊನ್ನಾಂಬೆಗೆ ಏನಾಯಿತು

ಶಾಮಿಯಾನದ ಕಂಬಕ್ಕೆ ಮೈಕು ಬಿಗಿಯುತ್ತಿದ್ದ ಕುಮಾರನ ಕೈಯಿಂದ ಧನಲಕ್ಷ್ಮಿ ವೈರು ಕಿತ್ತುಕೊಂಡಳು.

“ಮೊದ್ಲು ಅವ್ವನ ಸೀನು ಆಗ್ಲಿ. ಆಮ್ಯಾಲೆ ನಿಮ್ ನಿಮ್ ಪದ.”

“ಅದೆಂಗವ್ವಾ ಆಯ್ತದೆ?” ಕುಮಾರ ವೈರಿಗೆ ಕೈ ಚಾಚಿದ. “ಪ್ರಾರ್ಥನೆ ಇಲ್ದೆ ಯಾವ್ ನಾಟ್ಕ ಸುರುವಾಗದೆ? ಒಂದ್ ಪ್ರಾರ್ಥನೆ, ಆಮ್ಯಾಲೆ ಬಂದಿರೋ ಕಲಾವಿದ್ರು ತಲಾ ಒಂದೊಂದ್ ಪದ ಏಳಿ ಕೈಮುಗೀತಾರೆ. ಅಲ್ಲಿಂದಾಚೆಗೆ ಪೂರಾ ಟೈಮು ನಿಮ್ಮವ್ವಂದೇಯ.”

“ವೊತ್ತು ಮುಳುಗಕ್ ಮುಂಚೆ ಮಣ್ಣಾಗ್ಬೇಕು ಕುಮಾರಣ್ಣ.”

“ಸೂರ್ಯ ಇನ್ನೂ ನೆತ್ತಿ ಮ್ಯಾಲವ್ನೆ. ಯಾಕಂಗ್ ಎದ್ರುಕತೀಯ?”

ಧನಲಕ್ಷ್ಮಿ ಈ ಮಾತನ್ನು ಚಿಕ್ಕಂದಿನಿಂದಲೂ ಕೇಳಿದ್ದಳು. ಆಗ ಸೂರ್ಯನ ಬದಲು ಚಂದ್ರ ನೆತ್ತಿಯ ಮೇಲಿರುತ್ತಿದ್ದ, ಅಷ್ಟೇ ವ್ಯತ್ಯಾಸ. ಆದರೂ ವೈರನ್ನು ಕೊಟ್ಟುಬಿಟ್ಟಳು. ಸತ್ತ ಮನೆಯಲ್ಲಿ ಜಗಳ ಆಡಿದರೆ ನೋಡಿದವರು ಏನೆಂದುಕೊಳ್ಳುತ್ತಾರೆ ಎಂಬ ಅಂಜಿಕೆ ಒಂದು ಕಡೆ, ಕುಮಾರನ ಮೇಲಿನ ಸಿಟ್ಟು ಇನ್ನೊಂದು ಕಡೆ.

ಅವಳ ತಾಯಿ ಪಾರ್ವತಮ್ಮ, ಹಿರೀಸಾವೆಯ ಹೈವೇ ಪಕ್ಕದ ತಮ್ಮ ಮೆಸ್ಸಿನ ಹಿತ್ತಲಲ್ಲಿ, ಎರಡು ಬೆಂಚು ಜೋಡಿಸಿ ಜಮಖಾನ ಹಾಸಿದ ಮೇಲೆ ಮಲಗಿದ್ದಳು. ನಿನ್ನೆ ಮಧ್ಯಾಹ್ನ ಅವರೆಕಾಯಿ ಸುಲಿಯುತ್ತಾ ಗೋಡೆಗೆ ಒರಗಿದವಳು ಮತ್ತೆ ಏಳಲಿಲ್ಲ. ಮಡಿಲಿನಲ್ಲಿ ಕಾಳು ಹಾಗೇ ಇತ್ತು. ಎಪ್ಪತ್ತು ದಾಟಿದ ಜೀವ, ನರಳಲಿಲ್ಲ, ಯಾರಿಗೂ ಹೊರೆಯಾಗಲಿಲ್ಲ, ಪುಣ್ಯವಂತೆ ಎಂದು ಬಂದವರೆಲ್ಲ ಹೇಳುತ್ತಿದ್ದರು. ಧನಲಕ್ಷ್ಮಿಗೆ ಅದನ್ನು ಕೇಳಿ ಕೇಳಿ ಸಾಕಾಗಿತ್ತು. ಪುಣ್ಯವಂತೆಯಾಗಿದ್ದರೆ ಇನ್ನೊಂದು ಭಾನುವಾರದವರೆಗೆ ಇರುತ್ತಿದ್ದಳು. ಆ ಭಾನುವಾರ ಅವಳು ಒಂದು ಸೀನು ಆಡಬೇಕಿತ್ತು, ತನ್ನ ಜನ್ಮದಲ್ಲಿ ಮೊದಲ ಸಲ.

ಸುತ್ತಲಿನ ನಾಲ್ಕು ತಾಲ್ಲೂಕಿನ ಹಳ್ಳಿಗಳಿಗೆ ಅವಳು ‘ಅರಕಲಗೂಡು ಪಾರ್ವತಮ್ಮ’. ಹಳ್ಳಿಯ ಗಂಡಸರು ನಾಟಕ ಕಲಿತು ಆಡುವಾಗ ಹೆಣ್ಣುಪಾತ್ರಕ್ಕೆ ಕರೆಸುತ್ತಿದ್ದ ಕಲಾವಿದೆ. ಅವಳ ಹೆಸರು ಮೊದಲು ಗೋಡೆಗಳ ಮೇಲೆ ಸುಣ್ಣದಲ್ಲಿರುತ್ತಿತ್ತು, ಆಮೇಲೆ ಫ್ಲೆಕ್ಸಿಗೆ ಬಂತು. ಇವತ್ತೂ ಗೇಟಿಗೆ ಒಂದು ಫ್ಲೆಕ್ಸು ಕಟ್ಟಿದ್ದರು. ಬೆಳಿಗ್ಗೆ ಅವಸರದಲ್ಲಿ ಮಾಡಿಸಿ ತಂದವನು ಕುಮಾರನೇ. ನಡುವೆ ಪಾರ್ವತಮ್ಮನ ಪುಟ್ಟ ಫೋಟೋ, ಮೇಲೆ ‘ಭಾವಪೂರ್ಣ ಶ್ರದ್ಧಾಂಜಲಿ’. ಒಂದು ಪಕ್ಕ ಮಂತ್ರಿಯ ವೇಷದ ಕುಮಾರ, ಇನ್ನೊಂದು ಪಕ್ಕ ರಾಜನ ವೇಷದಲ್ಲಿ ಮೀಸೆ ತಿರುವುತ್ತಿರುವ ಪಾಲಾಕ್ಷ, ಇಬ್ಬರೂ ಅವಳಿಗಿಂತ ದೊಡ್ಡದಾಗಿ. ದಾರಿಹೋಕರು ಯಾರು ಸತ್ತರು ಎಂದು ತಿಳಿಯದೆ ಒಳಗೆ ಬಂದು ಕೇಳುತ್ತಿದ್ದರು.

ಗೂಡ್ಸ್ ಆಟೋದಲ್ಲಿ ಹಳ್ಳಿಮೈಸೂರಿನ ಕಡೆಯ ಹೆಂಗಸರು ಬಂದಿಳಿದರು. ಮುಂದೆ ಮಾದಮ್ಮ. ಪಾರ್ವತಮ್ಮನ ವಯಸ್ಸಿನವಳೇ, ಬಾಯಲ್ಲಿ ಎಲೆಅಡಿಕೆ. ಹೆಣದ ಕಾಲು ಮುಟ್ಟಿ, ಒಂದಿಷ್ಟು ಹೊತ್ತು ಅತ್ತು, ಮೂಗು ಒರೆಸಿಕೊಂಡು ಧನಲಕ್ಷ್ಮಿಯ ಕೈ ಹಿಡಿದುಕೊಂಡಳು.

“ಬತ್ತೀನಿ, ಆಡಿ ತೋರಿಸ್ತೀನಿ ಅಂದಿದ್ಲು ಕಣವ್ವ ನಿಮ್ಮವ್ವ. ಇಂಗೆ ಓಗ್ಬುಟ್ಲಲ್ಲ.”

“ತೋರಿಸ್ತೀವಿ ಕಣಕ್ಕಾ. ಎತ್ತಕ್ ಮುಂಚೆ ಅವ್ಳ ಸೀನು ಆಡುಸ್ತೀನಿ. ಕುಂತ್ಕಳಿ, ಓಗ್ಬ್ಯಾಡಿ.”

ಹಾಗೆಂದು ಮಾತು ಕೊಟ್ಟಾಗಿತ್ತು. ಹೆಂಗಸರು ಚಾಪೆಯ ಮೇಲೆ ಕೂತು ತಮ್ಮತಮ್ಮಲ್ಲೇ ಶುರುಮಾಡಿದರು.

“ಅರಮನೆಗೆ ವಾಪಸ್ ಓಯ್ತಾಳೆ ಕಣಮ್ಮಿ. ಇನ್ನೆಲ್ಲಿಗೋದಾಳು?”

“ಇಲ್ಲಾಂತೀನಿ. ಕೆರೆಗ್ ಬಿದ್ದು ಸತ್ಲು ಅಂತ ನಮ್ಮತ್ತೆ ಏಳದು.”

“ನಿಮ್ಮತ್ತೆ ನೋಡಿದ್ಲಾ?”

“ಎಲ್ ನೋಡಾಳು? ಎಮ್ಮೆ ಅರಚ್ತಿತ್ತಂತೆ, ಎದ್ದೋಗ್ಬುಟ್ಟವ್ಳೆ.”

* * *

ಅವರು ಮಾತಾಡುತ್ತಿದ್ದುದು ‘ರಾಣಿ ಹೊನ್ನಾಂಬೆ’ ನಾಟಕದ ಬಗ್ಗೆ. ಬರೆದವರು ಹೊಳೆನರಸೀಪುರದ ಸಂಪತ್ಕುಮಾರ ಮೇಷ್ಟ್ರು. ದೇವಸ್ಥಾನದ ಬೀದಿಯವರು, ಹಗಲು ಸ್ಕೂಲಿನಲ್ಲಿ ಪಾಠ, ಸುಗ್ಗಿ ಮುಗಿದ ಮೇಲೆ ಊರೂರಿಗೆ ಹಾರ್ಮೋನಿಯಂ ಹೊತ್ತು ನಾಟಕ ಕಲಿಸುವುದು. ಬರೆದ ಪ್ರತಿ ಯಾವುದೋ ಊರಿನ ಅಟ್ಟದಲ್ಲಿ ಗೆದ್ದಲು ಹಿಡಿದು ಮಣ್ಣಾಯಿತು. ನಾಟಕ ಮಾತ್ರ ಆಡುವವರ ಬಾಯಲ್ಲಿ ಉಳಿಯಿತು.

ಕತೆ ದೊಡ್ಡದೇನಲ್ಲ. ಪಾಳೇಗಾರ ಸಿಂಗನಾಯಕ ಮಂತ್ರಿಯ ಚಾಡಿ ಕೇಳಿ ಹೆಂಡತಿ ಹೊನ್ನಾಂಬೆಯನ್ನು ಕೋಟೆಯಿಂದ ಆಚೆಗೆ ತಳ್ಳಿಸುತ್ತಾನೆ. ಆಮೇಲೆ ಮಂತ್ರಿಯ ಕಪಟ ಬಯಲಾಗಿ, ಯುದ್ಧವಾಗಿ, ಮಂತ್ರಿ ಸಾಯುತ್ತಾನೆ. ರಾಜ ಪಶ್ಚಾತ್ತಾಪದಿಂದ ರಾಣಿಯನ್ನು ಹುಡುಕುತ್ತಾ ಕಾಡುಮೇಡು ಅಲೆದು ಹಾಡುತ್ತಾನೆ. ಅಲ್ಲಿಯವರೆಗೆ ಊರವರೆಲ್ಲ ನೋಡಿದ್ದರು. ಅದಾದ ಮೇಲೆ ಇನ್ನೊಂದು ಸೀನು ಇತ್ತು. ಅದರಲ್ಲಿ ಹೊನ್ನಾಂಬೆ ತಾಮ್ರದ ಚೊಂಬು ಹಿಡಿದು ಬರುತ್ತಾಳೆ. ಅದನ್ನು ಮಾತ್ರ ಯಾವ ಊರೂ ನೋಡಿರಲಿಲ್ಲ.

ನೋಡುವುದಕ್ಕೆ ಹೊತ್ತು ಎಲ್ಲಿತ್ತು? ರಾಗಿ ಹೊಲದಲ್ಲಿ ಬೆವರು ಸುರಿಸುವವನಿಗೆ ವರ್ಷಕ್ಕೊಂದು ರಾತ್ರಿ ಕಿರೀಟ ಸಿಕ್ಕರೆ ಅವನು ಅದನ್ನು ಬೇಗ ಇಳಿಸುತ್ತಾನೆಯೇ? ಪಾಲಾಕ್ಷ ಒಳ್ಳೆಯ ಕಂಠದವನು. ಒಂದು ಪದ ಹೇಳಿದರೆ ಜನ ‘ವನ್ಸ್ ಮೋರ್’ ಎಂದು ಕೂಗುತ್ತಿದ್ದರು, ಅವನು ಮತ್ತೆ ಹೇಳುತ್ತಿದ್ದ. ಬೀಗರು ಹಾರ ತಂದರೆ ಯುದ್ಧ ನಿಲ್ಲುತ್ತಿತ್ತು. ಎತ್ತಿದ ಕತ್ತಿಯನ್ನು ಎತ್ತಿದಂತೆಯೇ ಹಿಡಿದು, ಹಾರ ಹಾಕಿಸಿಕೊಂಡು, ಫೋಟೋಕ್ಕೆ ನಿಂತು, ಆಮೇಲೆ ಮಂತ್ರಿಯನ್ನು ಕೊಲ್ಲುತ್ತಿದ್ದ. ಸತ್ತು ಬಿದ್ದ ಕುಮಾರನಿಗೂ ಅಭಿಮಾನಿಗಳಿದ್ದರು. ‘ವನ್ಸ್ ಮೋರ್’ ಎಂದರೆ ಅವನು ಮಣ್ಣು ಕೊಡವಿಕೊಂಡು ಎದ್ದು, ಸಾಯುವಾಗಿನ ಪದವನ್ನು ಪೂರ್ತಿ ಹೇಳಿ, ಇನ್ನೊಮ್ಮೆ ಸಾಯುತ್ತಿದ್ದ. ಹೀಗೆ ಕೂಗುತ್ತಿದ್ದವರೆಲ್ಲ ಗಂಡಸರು. ಹೆಂಗಸರು ಯಾವತ್ತೂ ಕೂಗಿದವರಲ್ಲ. ಅವರ ಕಣ್ಣು ಅರ್ಧ ಸ್ಟೇಜಿನ ಮೇಲೆ, ಅರ್ಧ ಮೂಡಲ ದಿಕ್ಕಿನ ಮೇಲೆ ಇರುತ್ತಿತ್ತು.

ಪಾಲಾಕ್ಷ ಕಾಡಿನಲ್ಲಿ ಅಳುವ ಹೊತ್ತಿಗೆ ಬೆಳ್ಳಿ ಮೂಡಿ, ಕೊಟ್ಟಿಗೆಗಳಲ್ಲಿ ಹಸು ಕೂಗುತ್ತಿದ್ದವು. ಹೆಂಗಸರು ಮಲಗಿದ ಮಕ್ಕಳನ್ನು ಹೆಗಲಿಗೆ ಹಾಕಿಕೊಂಡು ಹಾಲು ಕರೆಯಲು ಏಳುತ್ತಿದ್ದರು. ಡೇರಿಯವನು ಕಾಯುತ್ತಾನೆಯೇ? ಆಗ ಯಾರಾದರೂ ಹಿರಿಯರು ಸೈಡ್ ವಿಂಗಿಗೆ ಬಂದು, “ಮೇಷ್ಟ್ರೆ, ಜನ ಎದ್ದೋಯ್ತಾವ್ರೆ, ಮಂಗ್ಳ ಏಳ್ಬುಡಿ” ಎನ್ನುತ್ತಿದ್ದರು. ಪರದೆ ಎಳೆಯುತ್ತಿದ್ದವನು ಪಾರ್ವತಮ್ಮನ ಗಂಡ ಕೆಂಚಯ್ಯ. ಒಳಗೆ ಬಿಳಿ ಸೀರೆ ಉಟ್ಟು, ಚೊಂಬು ಹಿಡಿದು ಕಾದು ನಿಂತ ಹೆಂಡತಿಯ ಮುಖ ನೋಡದೆ ಹಗ್ಗ ಬಿಡುತ್ತಿದ್ದ.

ಮೊದಲ ಬಸ್ಸಿನಲ್ಲಿ ಮನೆಗೆ ಬರುವಾಗ ಪಾರ್ವತಮ್ಮ ಚೊಂಬಿನ ನೀರನ್ನು ಮಗಳಿಗೆ ಕುಡಿಸುತ್ತಿದ್ದಳು. “ತಗಾ, ರಾಣಿ ನೀರು. ಚೆಲ್ಬಾರ್ದು.” ಮುಖದ ಬಣ್ಣ ಕಿವಿಯ ಹಿಂದೆ ಉಳಿದಿರುತ್ತಿತ್ತು. ಧನಲಕ್ಷ್ಮಿ ಆ ವಾಸನೆಯಲ್ಲೇ ನಿದ್ದೆ ಹೋಗುತ್ತಿದ್ದಳು.

ಮತ್ತೊಂದು ಊರಿನಲ್ಲಿ ನಾಟಕ ಎಂದರೆ, ಹಿಂದಿನ ಸಂಜೆ ಹಿಟ್ಟು ರುಬ್ಬುತ್ತಾ ಪಾರ್ವತಮ್ಮ ಅದೇ ಕೊನೆಯ ಸೀನನ್ನು ಒಪ್ಪಿಸುತ್ತಿದ್ದಳು. ರಾಜನ ಮಾತು ಧನಲಕ್ಷ್ಮಿ ಹೇಳಬೇಕು. ಕೆಂಚಯ್ಯ ತೀರಿಕೊಂಡ ವರ್ಷವೂ ಅದು ತಪ್ಪಲಿಲ್ಲ.

“ಎಂಗೂ ಆಡ್ಸಲ್ವಲ್ಲವ್ವ, ಯಾಕ್ ಏಳ್ಕತೀಯ?” ಎಂದು ಮಗಳು ಒಮ್ಮೆ ಸಿಡುಕಿದ್ದಳು.

“ಯಾವತ್ತಾನ ಒಂದಿನ ವೊತ್ತು ಮಿಗ್ತದೆ ಕಣಮ್ಮಿ. ಅವತ್ತು ಮಾತು ಮರ್ತೋಗಿದ್ರೆ?”

* * *

ಪ್ರಾರ್ಥನೆಯಾಯಿತು. ಕುಮಾರ ತನ್ನ ಮಂತ್ರಿಯ ಪದ ಹೇಳಿದ. ಆಮೇಲೆ ಚನ್ನರಾಯಪಟ್ಟಣದ ಕಡೆಯ ಸೇನಾಪತಿ, ಅರಕಲಗೂಡಿನ ಕಡೆಯ ಇಬ್ಬರು ದೂತರು, ಒಬ್ಬ ಋಷಿ. ಒಬ್ಬೊಬ್ಬರೂ ಹೆಣಕ್ಕೆ ಕೈಮುಗಿದು, “ಒಂದೇ ಒಂದ್ ಪದ” ಎಂದು ಮೈಕು ಹಿಡಿದು, ಅದು ಮುಗಿದ ಮೇಲೆ ನೆನಪಾದ ಇನ್ನೊಂದನ್ನೂ ಹೇಳಿದರು. ಹಾರ್ಮೋನಿಯಂ ನುಡಿಸಲು ಸಂಪತ್ಕುಮಾರ ಮೇಷ್ಟ್ರ ಮಗ ಪ್ರದ್ಯುಮ್ನ ಹಾಸನದಿಂದ ಬಂದಿದ್ದ. ಅಲ್ಲಿ ಬ್ಯಾಂಕಿನಲ್ಲಿ ಕೆಲಸ. ಇವತ್ತು ರಜೆ ಹಾಕಿ ಅಪ್ಪನ ಹಾರ್ಮೋನಿಯಮ್ಮನ್ನೇ ಕಾರಿನಲ್ಲಿಟ್ಟುಕೊಂಡು ಬಂದಿದ್ದ.

ಋಷಿ ನೀರು ಕುಡಿಯಲು ಗೇಟಿನಾಚೆ ಹೋದಾಗ ಪ್ರದ್ಯುಮ್ನ ಧನಲಕ್ಷ್ಮಿಯನ್ನು ಹತ್ತಿರ ಕರೆದ.

“ಧನಲಕ್ಷ್ಮಮ್ಮ, ಕೊನೇ ಸೀನಿಗೆ ಅಪ್ಪ ಯಾವ ಧಾಟಿ ಇಟ್ಟಿದ್ರು ಅಂತ ಗೊತ್ತಾ ನಿಮಗೆ? ಮನೇಲಿ ಒಂದನ್ನ ಗುನುಗ್ತಾ ಇದ್ರು. ಯಾವ ನಾಟಕದ್ದೂ ಅಲ್ಲ ಅದು. ಕೇಳಿದ್ರೆ ನಕ್ಕು ಸುಮ್ಮನಾಗೋರು.”

ಮೆಲ್ಲಗೆ ನುಡಿಸಿ ತೋರಿಸಿದ. ಅವ್ವ ಹಿಟ್ಟು ರುಬ್ಬುವಾಗ ಹೇಳಿಕೊಳ್ಳುತ್ತಿದ್ದುದು ಅದೇ.

“ಅದೇಯ ಸಾ,” ಎಂದಳು. “ನಾನು ಕಣ್ಣು ಮಾಡ್ತೀನಿ, ಆವಾಗ ಇಡ್ಕಳಿ.”

ಅಷ್ಟರಲ್ಲಿ ಪಾಲಾಕ್ಷ ಎದ್ದು ನಿಂತ. ಕಂಬ ಹಿಡಿದುಕೊಂಡೇ ಏಳಬೇಕಾದ ವಯಸ್ಸು. ಹೆಗಲ ಟವೆಲ್ಲನ್ನು ತಲೆಗೆ ಸುತ್ತಿ, ಹೆಣದ ಮುಖವನ್ನೇ ನೋಡುತ್ತಾ, ಕಾಡಿನಲ್ಲಿ ರಾಜ ಅಳುವ ಪದ ಎತ್ತಿಕೊಂಡ. ಎಲ್ಲಿ ಹುಡುಕಲಿ ಹೊನ್ನಾಂಬೆ ನಿನ್ನ, ಎನ್ನುವಲ್ಲಿ ಅವನ ದನಿ ನಿಜವಾಗಿಯೂ ಒಡೆಯಿತು. ನಾಟಕದ ಅಳುವಲ್ಲ ಅದು. ಧನಲಕ್ಷ್ಮಿಗೂ ಕಣ್ಣು ತುಂಬಿ, ಈ ಮುದುಕನ ಮೇಲೆ ಇಷ್ಟು ದಿನ ಹೊಟ್ಟೆ ಉರಿದುಕೊಂಡಿದ್ದೆನಲ್ಲ ಅನ್ನಿಸಿತು.

ಪದ ಮುಗಿಯಿತು. ಹಿಂದೆ ಕುರ್ಚಿಯಲ್ಲಿ ಕೂತಿದ್ದ ಯಾರೋ ಮೈಮರೆತು, “ವನ್ಸ್ ಮೋರ್” ಎಂದುಬಿಟ್ಟ.

ಪಕ್ಕದವರು ಅವನನ್ನು ಗದರಿಸುವಷ್ಟರಲ್ಲಿ ಪಾಲಾಕ್ಷ ಮತ್ತೆ ಶುರುಮಾಡಿಯಾಗಿತ್ತು. ಧನಲಕ್ಷ್ಮಿ ತಲೆ ಚಚ್ಚಿಕೊಂಡಳು. ನೆತ್ತಿಯ ಮೇಲಿದ್ದ ಸೂರ್ಯ ಆಗಲೇ ಬೇವಿನ ಮರದ ಆಚೆಗೆ ಇಳಿದಿದ್ದ.

* * *

ಹೋದ ಕಾರ್ತಿಕದಲ್ಲಿ ಪಾರ್ವತಮ್ಮ ಇದ್ದಕ್ಕಿದ್ದಂತೆ, “ಆಡಿದ ಊರಿಗೆಲ್ಲ ಒಂದ್ಸಲ ಓಗ್ಬರಾಣ ಕಣಮ್ಮಿ” ಎಂದಿದ್ದಳು. ಮೆಸ್ಸಿಗೆ ರಜೆಯ ದಿನ ತಾಯಿ ಮಗಳು ಬಸ್ಸು ಹತ್ತಿದರು. ಎಲ್ಲಿಗೂ ಮುಂಚಿತವಾಗಿ ಹೇಳಿ ಹೋಗಲಿಲ್ಲ. ಅವಳಿಗೆ ನೋಡಬೇಕಾಗಿದ್ದುದು ನಾಟಕದ ಕಟ್ಟೆಗಳು.

ದೊಡ್ಡಗದ್ದವಳ್ಳಿಯಲ್ಲಿ ಲಕ್ಷ್ಮೀದೇವಿಗೆ ಕೈಮುಗಿದು, ಆಡಿದ ಜಾಗ ಹುಡುಕಿದರೆ ಅಲ್ಲಿ ಸೀಮೆಂಟು ಮೂಟೆ ಪೇರಿಸಿದ್ದರು. ಇನ್ನೊಂದು ಊರಿನಲ್ಲಿ ಕಟ್ಟೆಯ ಮೇಲೆ ರಾಗಿ ಒಣಹಾಕಿತ್ತು. ಪಾರ್ವತಮ್ಮ ಚಪ್ಪಲಿ ಬಿಟ್ಟು, ರಾಗಿ ತುಳಿಯದಂತೆ ಅಂಚಿನಲ್ಲೇ ನಡೆದು, ಒಂದು ಮೂಲೆಯಲ್ಲಿ ನಿಂತಳು. “ಇಲ್ಲೇ ನಿಲ್ತಿದ್ದೆ ಚೊಂಬ್ ಇಡ್ಕಂಡು” ಎಂದಳು. ಅಲ್ಲಿಂದ ಸ್ಟೇಜಿನ ನಡುವಿಗೆ ನಾಲ್ಕು ಹೆಜ್ಜೆಯೂ ಇರಲಿಲ್ಲ. ಅವಳು ಆ ನಡುವಿಗೆ ಹೋಗಲಿಲ್ಲ. ಧನಲಕ್ಷ್ಮಿಗೆ ಅದನ್ನು ನೋಡಿ ಸಂಕಟವಾಯಿತು.

ಹಳ್ಳಿಮೈಸೂರಿನ ಹತ್ತಿರದ ಊರಿನಲ್ಲಿ ಮಾದಮ್ಮ ಸಿಕ್ಕಿದ್ದು. ಹುಲ್ಲಿನ ಹೊರೆ ಹೊತ್ತು ಬರುತ್ತಿದ್ದವಳು ನಿಂತು, ಪಾರ್ವತಮ್ಮನನ್ನು ದಿಟ್ಟಿಸಿ, ಹೊರೆ ಇಳಿಸಿಬಿಟ್ಟಳು.

“ನೀನು ರಾಣಿ ಅಲ್ವಾ?”

“ಗುರ್ತು ಸಿಕ್ತಾ ಅಕ್ಕಾ?”

“ಮೂಗ್ ನೋಡ್ದೇಟ್ಗೆ ಸಿಕ್ತು. ಅದ್ಸರಿ, ಆಮ್ಯಾಲೆ ನಿಂಗೆ ಏನಾಯ್ತು?”

ಪಾರ್ವತಮ್ಮ ಮೊದಲು ನಕ್ಕಳು. ಎದುರಿಗಿದ್ದವಳು ನಗಲಿಲ್ಲ.

“ನಗ್ಬ್ಯಾಡ ಕಣವ್ವ. ನಾನು ಮದ್ವೆಯಾಗಿ ಬಂದ ವರ್ಸ ನೋಡಿದ್ದು. ನಿನ್ನ ಕ್ವಾಟೆಯಿಂದ ಆಚ್ಗೆ ತಳ್ಳುದ್ರಲ್ಲ, ನಂಗೆ ಅನ್ನ ಸೇರ್ಲಿಲ್ಲ. ಮುಂದೇನಾಯ್ತು ಅಂತ ನಮ್ಮನೆಯವ್ರುನ್ನ ಕೇಳುದ್ರೆ, ರಾಜ ಸಂದಾಗಿ ಆಡ್ದ ಅಂದ್ರು. ಬ್ಯಾರೆ ಯಾರ್ನ ಕೇಳುದ್ರೂ ಅಷ್ಟೇಯ.”

ಅಷ್ಟರಲ್ಲಿ ಇನ್ನೂ ನಾಲ್ಕು ಹೆಂಗಸರು ಸೇರಿದರು. ಎಲ್ಲರದೂ ಅದೇ ಪ್ರಶ್ನೆ. ಹೇಳಿಬಿಡು ಎಂದು ಧನಲಕ್ಷ್ಮಿ ಕಣ್ಣಲ್ಲೇ ಸನ್ನೆ ಮಾಡಿದಳು. ಪಾರ್ವತಮ್ಮ ಹೇಳಲಿಲ್ಲ.

“ಅದು ಬಾಯಲ್ಲಿ ಏಳದಲ್ಲ ಕಣ್ರವ್ವಾ. ಬತ್ತೀನಿ, ಆಡಿ ತೋರಿಸ್ತೀನಿ.”

ವಾಪಸ್ಸು ಬರುವಾಗ ಬಸ್ಸಿನಲ್ಲಿ ಕಿಟಕಿಯಾಚೆ ನೋಡುತ್ತಿದ್ದ ಪಾರ್ವತಮ್ಮ, “ಇಷ್ಟ್ ವರ್ಸ ಏನನ್ಕಂಡಿದ್ದೆ ಗೊತ್ತಾ?” ಎಂದಳು. “ಆ ಸೀನು ಬೇಕಾಗಿದ್ದುದು ನಂಗೊಬ್ಳಿಗೇಯ ಅಂತ.” ಆಮೇಲೆ ಸೆರಗಿನಿಂದ ಕಣ್ಣು ಒರೆಸಿಕೊಂಡಳು. ಅಷ್ಟು ಸಂತೋಷವಾಗಿದ್ದ ಅವ್ವನನ್ನು ಧನಲಕ್ಷ್ಮಿ ನೋಡಿರಲಿಲ್ಲ.

ಮಾರನೆಯ ದಿನವೇ ಪಾಲಾಕ್ಷನ ಮನೆಗೆ ಹೋದರು.

“ಕೊನೇ ಸೀನ್ನೇ ಮೊದ್ಲು ಆಡಾಣ. ರಾತ್ರಿ ಬ್ಯಾಡ. ಹಗಲ್ ಹೊತ್ನಾಗೆ, ಹೆಂಗುಸ್ರು ಆಲ್ ಕರಿಯಕ್ ಎದ್ದೋಗಕ್ ಮುಂಚೆ,” ಎಂದಳು ಪಾರ್ವತಮ್ಮ.

ಪಾಲಾಕ್ಷ ಯೋಚಿಸಿದ. “ಅದ್ರಲ್ಲಿ ರಾಜಂಗೆ ಪದ ಎಷ್ಟವೆ?”

“ಒಂದೂ ಇಲ್ಲ. ಬರೀ ಮಾತು.”

ಅವನ ಮುಖ ಹುಳ್ಳಗಾಯಿತು. ಆದರೂ ಆಗಲಿ ಎಂದ. ಎಷ್ಟೆಂದರೂ ಅವಳ ಜೊತೆ ಬಣ್ಣ ಹಚ್ಚಿ ಮುದುಕನಾದವನು. “ಆದ್ರೆ ನಂಗೆ ಆ ಮಾತು ಬರಲ್ವಲ್ಲ ಪಾರ್ವತಿ. ಆಡಿದ್ರಲ್ವಾ ಬರದು?”

“ಬಾ, ಏಳ್ಕೊಡ್ತೀನಿ.”

ಇವತ್ತು ಬತ್ತೀನಿ, ನಾಳೆ ಬತ್ತೀನಿ ಎಂದು ಹಸು ಕರು ಹಾಕುವುದು, ಕೊಯ್ಲು, ಮೊಮ್ಮಗಳ ನಾಮಕರಣ ಎಲ್ಲ ಮುಗಿಸಿಕೊಂಡು, ಆಟಕ್ಕೆ ಭಾನುವಾರ ಗೊತ್ತಾದ ಮೇಲೂ ಬಾರದೆ, ಪಾಲಾಕ್ಷ ಬಂದದ್ದು ಇವತ್ತೇ.

* * *

ಸ್ಮಶಾನದಿಂದ ಆಳು ಬಂದು ಗುಂಡಿ ಸಿದ್ಧವಾಗಿದೆ ಎಂದ. ಕುಮಾರ ವಾಚು ನೋಡಿಕೊಂಡು, ಆಕಾಶ ನೋಡಿ, ಗಂಭೀರವಾಗಿ ಧನಲಕ್ಷ್ಮಿಯ ಬಳಿಗೆ ಬಂದ.

“ವೊತ್ತಾಯ್ತಲ್ಲವ್ವ. ಪಾಲಾಕ್ಷಣ್ಣ ಈ ಪದ ಮುಗಿಸ್ಲಿ. ಮಂಗ್ಳ ಏಳಿ ಎತ್ಬುಡಾಣ. ಆ ಸೀನು ಬೇಕಾರೆ ತಿಥಿ ದಿನ ಇಟ್ಕಳಾಣ. ಜನ ಎದ್ದೋಯ್ತಾವ್ರೆ ನೋಡು.”

ನಿಜವೇ. ಚಾಪೆಯ ಮೇಲಿನ ಹೆಂಗಸರು ಮಿಸುಕಾಡತೊಡಗಿದ್ದರು. ಸುತ್ತಲ ಮನೆಗಳ ಹಸುಗಳು ಕೂಗುತ್ತಿದ್ದವು, ಸಂಜೆಯ ಹಾಲಿಗೆ ಡೇರಿಯ ಬಾಗಿಲು ತೆರೆಯುವ ಹೊತ್ತು. ಒಬ್ಬಿಬ್ಬರು ಆಗಲೇ ಸೆರಗು ಕೊಡವಿ ಎದ್ದಿದ್ದರು. ಮಾದಮ್ಮ ಮಾತ್ರ ಧನಲಕ್ಷ್ಮಿಯ ಮುಖ ನೋಡುತ್ತಾ ಕೂತಿದ್ದಳು. ಪಾಲಾಕ್ಷನ ಪದ ಇನ್ನೂ ಅರ್ಧಕ್ಕೂ ಬಂದಿರಲಿಲ್ಲ.

ಅವ್ವ ಇದ್ದಿದ್ದರೆ ಈಗ ಏನು ಮಾಡುತ್ತಿದ್ದಳೆಂದು ಧನಲಕ್ಷ್ಮಿಗೆ ಚೆನ್ನಾಗಿ ಗೊತ್ತಿತ್ತು. ಮೂಲೆಯಲ್ಲಿ ಚೊಂಬು ಹಿಡಿದು ನಿಂತೇ ಇರುತ್ತಿದ್ದಳು. ಆ ನೆನಪಿಗೆ ಅವಳಿಗೆ ದುಃಖಕ್ಕಿಂತ ರೋಷ ಬಂತು. ಸೀದಾ ಅಡುಗೆಮನೆಗೆ ಹೋದಳು. ನಾಟಕದ ತಾಮ್ರದ ಚೊಂಬು ಈಗ ಮೆಸ್ಸಿನಲ್ಲಿ ಗಿರಾಕಿಗಳಿಗೆ ನೀರು ಕೊಡುವ ಚೊಂಬಾಗಿತ್ತು. ಅದರ ತುಂಬ ನೀರು ಹಿಡಿದು, ಸೆರಗು ತಲೆಯ ಮೇಲೆ ಎಳೆದುಕೊಂಡು ಹಿತ್ತಲ ಬಾಗಿಲಲ್ಲಿ ನಿಂತಳು. ಪ್ರದ್ಯುಮ್ನನ ಕಡೆ ಕಣ್ಣು ಮಾಡಿದಳು. ಅವನು ಪಾಲಾಕ್ಷನ ಪದವನ್ನು ಅಲ್ಲೇ ಬಿಟ್ಟು ಅಪ್ಪನ ಧಾಟಿ ಹಿಡಿದ.

ಹಾರ್ಮೋನಿಯಂ ಕೈಬಿಟ್ಟಿದ್ದರಿಂದ ಪಾಲಾಕ್ಷ ತಬ್ಬಿಬ್ಬಾಗಿ ತಿರುಗಿ ನೋಡಿದ.

“ಯಾರದು ನನ್ನ ಬಾಗಿಲಲ್ಲಿ?” ಧನಲಕ್ಷ್ಮಿ ಮೈಕಿಲ್ಲದೆ ಕೇಳಿದಳು. ಅವಳ ದನಿ ಅವಳಿಗೇ ಹೊಸದಾಗಿ ಕೇಳಿಸಿತು. “ಬಾಯಾರಿ ಬಂದವರೋ, ದಾರಿ ತಪ್ಪಿ ಬಂದವರೋ?”

ಎದ್ದಿದ್ದ ಹೆಂಗಸರು ಎದ್ದಲ್ಲೇ ನಿಂತರು. ಪಾಲಾಕ್ಷ ಬಾಯಿ ತೆರೆದ, ಮುಚ್ಚಿದ. ಅವನಿಗೆ ಮಾತು ಗೊತ್ತಿರಲಿಲ್ಲ. ಅಷ್ಟು ವರ್ಷ ರಾಜನಾಗಿದ್ದವನು ರಾಣಿಯ ಮುಂದೆ ಬೆಪ್ಪಾಗಿ ನಿಂತಿದ್ದ. ಧನಲಕ್ಷ್ಮಿ ಎರಡು ಹೆಜ್ಜೆ ಹತ್ತಿರ ಬಂದು, ಹಿಂದೆ ಹಿಟ್ಟು ರುಬ್ಬುವ ಅವ್ವನಿಗೆ ಹೇಳುತ್ತಿದ್ದ ಹಾಗೇ ಮೆಲ್ಲಗೆ ಹೇಳಿಕೊಟ್ಟಳು. “ಎರಡೂ ಹೌದು ತಾಯಿ.”

“ಎರಡೂ ಹೌದು ತಾಯಿ,” ಎಂದ ಪಾಲಾಕ್ಷ.

“ಮೊದಲು ನೀರು ಕೊಡು,” ಎಂದು ಮುಂದಿನದನ್ನೂ ಹೇಳಿಕೊಟ್ಟು, “ಕೂತ್ಕ ಮಾವ,” ಎಂದಳು.

“ಮೊದಲು ನೀರು ಕೊಡು,” ಎಂದು ಪಾಲಾಕ್ಷ ಮಂಡಿಯೂರಿ ಬೊಗಸೆ ಒಡ್ಡಿದ. ಹೆಣ ಎತ್ತುವ ಮುಂಚೆ ಆ ಮನೆಯ ನೀರು ಮುಟ್ಟುವವರು ನಮ್ಮ ಕಡೆ ಕಡಿಮೆ. ಋಷಿಯೂ ಗೇಟಿನಾಚೆ ಹೋಗಿ ಕುಡಿದು ಬಂದಿದ್ದ. ಪಾಲಾಕ್ಷ ಕುಡಿದ ಹಾಗೆ ನಟಿಸುತ್ತಾನೆ ಎಂದೇ ಎಲ್ಲರೂ ಅಂದುಕೊಂಡರು. ಧನಲಕ್ಷ್ಮಿ ಹುಯ್ದಳು. ಪಾಲಾಕ್ಷ ಗಟಗಟನೆ ಕುಡಿದ, ಮೀಸೆಯಿಂದ ಎದೆಗೆ ನೀರು ಇಳಿಯಿತು. ಒಂದೇ ಸಮನೆ ಹಾಡಿ ಹಾಡಿ ಅವನಿಗೆ ನಿಜಕ್ಕೂ ಬಾಯಾರಿತ್ತು.

ಬೊಗಸೆಯ ಮೇಲಿಂದ ತಲೆಯೆತ್ತಿ ನೋಡಿದವನಿಗೆ ಮುಂದಿನ ಮಾತನ್ನು ಯಾರೂ ಹೇಳಿಕೊಡಬೇಕಾಗಲಿಲ್ಲ. ಧನಲಕ್ಷ್ಮಿಯದು ತಾಯಿಯದೇ ಮೂಗು. “ಹೊನ್ನಾಂಬೆ,” ಎಂದ. ಆಮೇಲೆ ಅವಳು ಮೆಲ್ಲಗೆ ಹೇಳಿದ್ದನ್ನು ಮಗ್ಗಿ ಒಪ್ಪಿಸುವ ಮಗುವಿನ ಹಾಗೆ ಒಂದೊಂದಾಗಿ ಹೇಳಿದ. ತಪ್ಪಾಯಿತು ದೇವಿ. ಅರಮನೆಗೆ ಬಾ. ನಿನ್ನ ಆಸನ ಬರಿದಾಗಿದೆ.

ಧನಲಕ್ಷ್ಮಿ ಹೆಣದ ಕಡೆಗೊಮ್ಮೆ ನೋಡಿ ನೆಟ್ಟಗೆ ನಿಂತಳು.

“ಪ್ರಭೂ, ಕೋಟೆಯಿಂದ ಹೊರಬಿದ್ದ ದಿನ ಅಳುತ್ತಾ ಈ ದಾರಿಗೆ ಬಂದೆ. ಯಾರೋ ಬಾಯಾರಿದವರು ನೀರು ಕೇಳಿದರು, ಕೊಟ್ಟೆ. ಅವರ ಹಿಂದೆ ಇನ್ನೊಬ್ಬರು ಬಂದರು. ಅಳುವುದಕ್ಕೆ ಪುರುಸೊತ್ತಾಗಲಿಲ್ಲ. ಇಲ್ಲಿ ಯಾರೂ ನನ್ನನ್ನು ರಾಣಿ ಎನ್ನುವುದಿಲ್ಲ, ಹೊರಗೆ ಹೋಗು ಎಂದೂ ಅನ್ನುವುದಿಲ್ಲ. ನಾನು ಅರಮನೆಗೆ ಬರುವುದಿಲ್ಲ.”

ಚಾಪೆಯ ಕಡೆಯಿಂದ ಯಾರೋ “ಅಂಗನ್ನು” ಎಂದರು.

“ಹಾಗಾದರೆ,” ಪಾಲಾಕ್ಷ ಧನಲಕ್ಷ್ಮಿಯ ತುಟಿಯನ್ನೇ ನೋಡುತ್ತಾ ಹೇಳಿದ, “ಹಾಗಾದರೆ ನನ್ನ ಗತಿ?”

“ನಿಮಗೇನಾಗಿದೆ? ಕೈಕಾಲು ಗಟ್ಟಿಯಾಗಿವೆ. ಬೇಸಿಗೆ ಬರುತ್ತಿದೆ, ದಾರಿಯ ಜನ ಹೆಚ್ಚುತ್ತಾರೆ.” ಧನಲಕ್ಷ್ಮಿ ಖಾಲಿ ಚೊಂಬನ್ನು ಅವನ ಕೈಗಿಟ್ಟಳು. “ಬಾವಿ ಅಲ್ಲಿದೆ. ನೀರು ಸೇದಿ ತನ್ನಿ.”

ಸಂಪತ್ಕುಮಾರ ಮೇಷ್ಟ್ರು ಬರೆದದ್ದು ಅಷ್ಟೇ. ಪಾಲಾಕ್ಷ ಚೊಂಬು ಹಿಡಿದು ಧನಲಕ್ಷ್ಮಿಯನ್ನು ನೋಡಿದ, ಇನ್ನೂ ಒಂದು ಮಾತು ಉಂಟೇನೋ ಎಂಬಂತೆ. ಇರಲಿಲ್ಲ. ಮೊದಲು ನಕ್ಕವಳು ಮಾದಮ್ಮ. ಆಮೇಲೆ ಚಾಪೆಯ ಮೇಲಿದ್ದವರೆಲ್ಲ ನಕ್ಕರು, ಕಣ್ಣೊರೆಸಿಕೊಳ್ಳುತ್ತಾ ನಕ್ಕರು. ಹೆಣದ ಮುಂದೆ ನಗಬಾರದು ಎನ್ನುವುದು ಯಾರಿಗೂ ನೆನಪಾಗಲಿಲ್ಲ.

“ರಾಜನ್ನೇ ನೀರ್ ತರಕ್ ಕಳಿಸ್ಬುಟ್ಲಲ್ಲಮ್ಮಿ. ನಾನು ಸತ್ತೇ ಓಗ್ಬುಟ್ಲು ಅನ್ಕಂಡಿದ್ದೆ,” ಎಂದಳೊಬ್ಬಳು.

“ಅದ್ಕೇಯ ಬಾಯಲ್ ಏಳ್ಲಿಲ್ಲ ಅವ್ಳು,” ಎಂದಳು ಮಾದಮ್ಮ. ಎದ್ದು ಹೋಗಿ ಪಾರ್ವತಮ್ಮನ ಕೆನ್ನೆ ಸವರಿದಳು. ಮತ್ತೆ ತನ್ನ ಜಾಗಕ್ಕೆ ಬಂದು, ಕಾಲು ಚಾಚಿ ಭದ್ರವಾಗಿ ಕೂತು, ಎಲೆಅಡಿಕೆಯ ಬಾಯಿ ತೆರೆದು, ಜನ್ಮದಲ್ಲಿ ಎಂದೂ ಕೂಗದ ಮಾತನ್ನು ಕೂಗಿದಳು.

“ವನ್ಸ್ ಮೋರ್.”

ಕುಮಾರ ಬೆಚ್ಚಿಬಿದ್ದು ಪಡುವಣಕ್ಕೆ ನೋಡಿದ. ಸೂರ್ಯ ಹೈವೇಯಾಚೆಯ ತೆಂಗಿನ ಮರಗಳ ತಲೆಯ ಮೇಲಿದ್ದ, ಇನ್ನೂ ಮುಳುಗಿರಲಿಲ್ಲ. ಕರೆಯಲು ಬಂದಿದ್ದ ಸ್ಮಶಾನದ ಆಳು ಗುದ್ದಲಿಯನ್ನು ಗೋಡೆಗೆ ಒರಗಿಸಿ ಚಾಪೆಯ ತುದಿಯಲ್ಲಿ ಕೂತ. ಪ್ರದ್ಯುಮ್ನ ಧಾಟಿಯನ್ನು ಮತ್ತೆ ಮೊದಲಿನಿಂದ ಹಿಡಿದ. ಧನಲಕ್ಷ್ಮಿ ಹಿತ್ತಲ ಬಾಗಿಲಿಗೆ ಹಿಂತಿರುಗಿ, ಸೆರಗು ಸರಿಮಾಡಿಕೊಂಡು, ಚೊಂಬಿಗಾಗಿ ಕೈ ಚಾಚಿದಳು.

ಚೊಂಬು ಪಾಲಾಕ್ಷನ ಬಳಿ ಇತ್ತು. ಅವನು ತಲೆಯ ಟವೆಲ್ಲು ಬಿಚ್ಚಿ ಹೆಗಲಿಗೆ ಹಾಕಿಕೊಂಡು, ಮಂಡಿಗೆ ಕೈ ಕೊಟ್ಟು ಎದ್ದು, ಬಚ್ಚಲ ಪಕ್ಕದ ನಲ್ಲಿಯವರೆಗೆ ಮೆಲ್ಲಗೆ ನಡೆದ. ನಲ್ಲಿ ಸಣ್ಣಗೆ ಬರುತ್ತಿತ್ತು. ಕೇರಿಯ ಹಸುಗಳೆಲ್ಲ ಕೂಗುತ್ತಿದ್ದವು. ಚೊಂಬು ತುಂಬುವವರೆಗೆ ಒಬ್ಬ ಹೆಂಗಸೂ ಎದ್ದು ಹೋಗಲಿಲ್ಲ.